ದೊರೆಗಳು ಮನೆಗೆ ಬಂದಾಗ

ನಲವತ್ತೊಂದನೆಯ ವಯಸ್ಸಿಗೆ ಬಂತು ನನಗೆ
ಮಕ್ಕಳ ಕಾಯಿಲೆ.
ಕನ್ನಡಿಯೆದುರು ಗುಳ್ಳೆ ಎಣಿಸತೊಡಗಿದೆ:
ಎಡಗೆನ್ನೆಯೊಂದರಲ್ಲೇ ಇಪ್ಪತ್ತಾರು,
ಗಡ್ಡದೊಳಗಿನವು ಲೆಕ್ಕಕ್ಕೆ ಸಿಗಲಿಲ್ಲ.

ಫೋನಿನಲ್ಲಿ ಡಾಕ್ಟರ್ ಮೊದಲು ನಕ್ಕರು,
ಆಮೇಲೆ ನಗಲಿಲ್ಲ.
'ಖಾತುನಾಗೆ ಎಷ್ಟು ತಿಂಗಳು?'
ಏಳು.
'ಚಿಕ್ಕಂದಿನಲ್ಲಿ ಅವಳಿಗೆ ಇದು ಆಗಿತ್ತೇ?'
ಹೇಳಬೇಕಾದ ನನ್ನ ಅತ್ತೆ
ಮಣ್ಣೊಳಗೆ ಮಲಗಿ ಆರು ವರ್ಷ.

ಅವಳ ತೋಳಿನಿಂದ ಒಂದಿಷ್ಟು ರಕ್ತ ಪರೀಕ್ಷೆಗೆ ಹೋಯಿತು,
ಅವಳು ಮ್ತ್ಕ್ವಾರಿ ಹೊಳೆ ದಾಟಿ ಅಕ್ಕನ ಮನೆಗೆ ಹೋದಳು,
ನಾನು ಎಲ್ಲಿಗೂ ಹೋಗಲಿಲ್ಲ.
ಸೊಲೊಲಾಕಿಯ ಮೂರನೆಯ ಮಹಡಿ,
ಒಳಗಿನಿಂದ ಚಿಲಕ.

ಎದುರಿನ ಮರದ ಬಾಲ್ಕನಿಯಿಂದ ಪೆಲೊ ಅಜ್ಜಿ ಕೂಗುತ್ತಾಳೆ:
'ಗೂರಾಮ್, ಕಾಯಿಲೆ ಅನ್ನಬೇಡ, ದೊರೆಗಳು ಅನ್ನು.
ಕಡಲಾಚೆಯಿಂದ ಬಂದಿದ್ದಾರೆ, ನೆಂಟರ ಹಾಗೆ ನೋಡಿಕೋ.
ಗದರಬೇಡ. ಕೋಳಿ ಕೊಯ್ಯಬೇಡ.
ಕೆಂಪು ಹಾಸು, ಸಿಹಿ ಇಡು,
ಮನಸ್ಸು ತುಂಬಿದರೆ ತಾವಾಗೇ ಹೊರಡುತ್ತಾರೆ.'

ಕೆಂಪೆಂದರೆ ನನ್ನ ಬಳಿ
ತಂತಿಗಳ ಬಾಯಿ ಮುಚ್ಚಿಸುವ ಫೆಲ್ಟ್ ಪಟ್ಟಿಯೊಂದೇ,
ಹತ್ತೊಂಬತ್ತು ವರ್ಷ ಪಿಯಾನೊಗಳಿಗೆ ಶ್ರುತಿ ಕೂಡಿಸಿದವನ ಆಸ್ತಿ.
ಅದನ್ನೇ ದಿಂಬಿನ ಮೇಲೆ ಹಾಸಿದೆ.

ಹಗ್ಗದ ಬಕೆಟ್ಟಿನಲ್ಲಿ ಬ್ರೆಡ್ಡು ಮೇಲೇರುತ್ತದೆ.
ದುಡ್ಡು ಇಳಿಸಿದರೆ ಬೇಡ ಅನ್ನುತ್ತಾರೆ,
ನಾನು ಮುಟ್ಟಿದ್ದು.

ಇಷ್ಟನ್ನು ಸಹಿಸಬಹುದು. ಸಹಿಸಲಾಗದ್ದು ಗೋಡೆ.
ಗೋಡೆಯಾಚೆ ತೆಕ್ಲೆ, ಒಂಬತ್ತರ ಹುಡುಗಿ,
ಸಂಜೆ ಐದಕ್ಕೆ ಅಭ್ಯಾಸಕ್ಕೆ ಕೂರುತ್ತಾಳೆ.
ಅವಳ ಪಿಯಾನೊದ ಮೇಲಿನ 'ಫಾ',
ಮೂರು ತಂತಿಯಲ್ಲೊಂದು ಇಳಿದಿದೆ,
ಪ್ರತಿ ಸಲವೂ ಹುಳುಕು ಹಲ್ಲಿಗೆ ಐಸು ತಾಗಿದ ಹಾಗೆ.

ಹಾಗೆ ಬಿಟ್ಟು ಬಂದವನು ನಾನೇ.
ಎರಡು ವಾರದ ಹಿಂದೆ, ಕೆಲಸ ಇನ್ನೇನು ಮುಗಿಯಬೇಕು,
ಅವಳ ತಾಯಿ ಒಳಗಿನಿಂದ ಬಂದು
'ಇವತ್ತಿಗೆ ಸಾಕು, ಮಗುವಿನ ಮೈ ಕಾದಿದೆ' ಅಂದಳು.
ಕೀಲಿಯನ್ನು ಚೀಲಕ್ಕೆ ಹಾಕಿಕೊಂಡೆ.
ಇನ್ನೇನೇನು ಹಾಕಿಕೊಂಡು ಮನೆಗೆ ಬಂದೆನೋ.

ನಾಲ್ಕನೆಯ ಸಂಜೆ ಬಾಗಿಲು ಬಡಿಯಿತು.
'ಬರಬೇಡಿ!'
'ನಂಗೆ ಆಗಿಹೋಗಿದೆ,' ಅಂದಿತು ಚಿಲಕದೆತ್ತರದ ದನಿ,
'ಪೆಲೊ ಅಜ್ಜಿಗೂ ಆಗಿದೆ, ಅವಳು ಮೆಟ್ಟಿಲು ಹತ್ತಲಾರಳು.'
ಕೈಯಲ್ಲಿ ಬಿಸಿ ಚಿಖಿರ್ತ್ಮಾ ಸಾರು.
'ಕೋಳಿಯದ್ದು. ಅಜ್ಜಿಗೆ ಹೇಳಬೇಡಿ.'

ನಾಲ್ಕು ದಿನದಲ್ಲಿ ನಾನು ಹತ್ತಿರದಿಂದ ಕಂಡ ಮೊದಲ ಮುಖ.
ಅದು ಹೆದರಲಿಲ್ಲ, ಎಣಿಸತೊಡಗಿತು.
ಕೂದಲು ಸರಿಸಿ ಹಣೆಯ ಕಲೆ ತೋರಿಸಿತು, ಪದಕದಂತೆ:
'ಕೆರೆಯಬೇಡಿ. ನಾನು ಕೆರೆದೆ.'

ಹೋಗುವಾಗ ಶ್ರುತಿಯ ಕೀಲಿಯನ್ನು
ಸ್ಪಿರಿಟ್ಟಿನಲ್ಲಿ ಒರೆಸಿ ಅವಳ ಕೈಗೆ ಕೊಟ್ಟೆ.
ಗೋಡೆಗೆ ಒಂದು ತಟ್ಟಿದರೆ ಬಿಗಿ, ಎರಡು ತಟ್ಟಿದರೆ ಸಡಿಲ.
ಕೂದಲೆಳೆಯಷ್ಟೇ, ತೆಕ್ಲೆ,
ಇರುವೆಯ ಹೆಜ್ಜೆಯಷ್ಟೇ.

ತಟ್ಟಿದೆ. ಹೆಚ್ಚಾಯಿತು. ಎರಡು.
ಕಡಿಮೆ. ಒಂದು. ಇನ್ನೊಂದು ಒಂದು.
ಸ್ವರದೊಳಗಿನ ನಡುಕ ನಿಧಾನವಾಯಿತು,
ಅಲೆ ಉದ್ದವಾಯಿತು,
ಆಮೇಲೆ ನೀರು ನಿಂತಿತು.
ನಾನೇ ಮಾಡಿದ್ದರೆ ಇನ್ನೂ ಒಂಚೂರು.

ರಕ್ತದ ಉತ್ತರ ನಾಳೆಗಂತೆ.
ಖಾತುನಾಳ ಮೆಸೇಜು:
'ಒದೆಯುತ್ತಿದೆ. ನೀನು ಏನು ತಿಂದೆ?'

ದೊರೆಗಳೇ, ನಾನು ನಂಬುವವನಲ್ಲ.
ಆದರೂ ಕೆಂಪು ಹಾಸಿದ್ದೇನೆ,
ಬಟ್ಟಲಲ್ಲಿ ಜೇನಿಟ್ಟಿದ್ದೇನೆ,
ಪಕ್ಕದ ಮನೆಯಲ್ಲಿ ಸಂಗೀತವಿದೆ,
ಅಪಸ್ವರ ಈಗಿಲ್ಲ.
ಇಲ್ಲೇ ಇರಿ.
ನನ್ನ ಬೆನ್ನಿನಲ್ಲಿ ಇನ್ನೂ ಜಾಗವಿದೆ.
ಸೇತುವೆಯ ಮೇಲೆ ಗಾಳಿ ಜೋರು,
ಆಚೆ ದಡದಲ್ಲಿ
ನೋಡುವಂಥದ್ದು ಏನೂ ಇಲ್ಲ.